ದಕ್ಷತೆ ಎಂಬ ಪದದ ಜಾತಿ

ದಲಿತ ವಿಮರ್ಶೆ ಎಂದರೆ ಕತೆ, ಕವಿತೆ, ಆತ್ಮಕತೆಗಳ ಓದು ಎಂದೇ ನಾವು ತಿಳಿದುಕೊಂಡು ಬಂದಿದ್ದೇವೆ. ಆದರೆ ನಮ್ಮವರ ಹಣೆಬರಹ ಬರೆಯುವ ಇನ್ನೊಂದು ಬರವಣಿಗೆ ಇದೆ: ಸರ್ಕಾರಿ ಕಚೇರಿಯ ಜ್ಯೇಷ್ಠತಾ ಪಟ್ಟಿ, ಅದರ ಮೇಲೆ ಬರುವ ಕೋರ್ಟಿನ ತೀರ್ಪು. ಇವನ್ನು ವಕೀಲರಿಗೆ ಬಿಟ್ಟುಕೊಟ್ಟು ಕೂತದ್ದು ನಮ್ಮ ವಿಮರ್ಶೆಯ ಸೋಲು ಎಂದು ನನಗನ್ನಿಸುತ್ತದೆ.

ಬಿ.ಕೆ. ಪವಿತ್ರ ಪ್ರಕರಣವನ್ನೇ ನೋಡಿ. ಮೀಸಲಾತಿಯಲ್ಲಿ ಬಡ್ತಿ ಪಡೆದವರಿಗೆ ಮೇಲಿನ ಹುದ್ದೆಯ ಜ್ಯೇಷ್ಠತೆಯೂ ಸಿಗಲು 2001ರ 85ನೇ ತಿದ್ದುಪಡಿ ದಾರಿ ಮಾಡಿತು. 2002ರಲ್ಲಿ ಕರ್ನಾಟಕ ಕಾಯ್ದೆ ತಂದಿತು. 2006ರ ಎಂ. ನಾಗರಾಜ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ತಿದ್ದುಪಡಿಯನ್ನು ಒಪ್ಪಿಕೊಂಡೇ ಷರತ್ತು ಹಾಕಿತು: ಹಿಂದುಳಿದಿರುವಿಕೆಯನ್ನೂ ಪ್ರಾತಿನಿಧ್ಯದ ಕೊರತೆಯನ್ನೂ ಅಂಕಿಅಂಶದಲ್ಲಿ ತೋರಿಸಿ, ಆಡಳಿತದ ದಕ್ಷತೆಗೂ ಧಕ್ಕೆ ಬರಬಾರದು. ಅಂಥ ಅಂಕಿಅಂಶ ಇಲ್ಲವೆಂದು 2017ರ ಫೆಬ್ರವರಿ 9ರಂದು ಜ್ಯೇಷ್ಠತೆಯ ಕಲಮುಗಳು ಬಿದ್ದುಹೋದವು. ಪಟ್ಟಿಗಳನ್ನು ಮೂರು ತಿಂಗಳಲ್ಲಿ ತಿದ್ದಬೇಕೆಂದು ಆದೇಶವಾಯಿತು. ಬಡ್ತಿ ಪಡೆದವರ ಮನೆಗಳಿಗೆ ‘ಹಿಂಬಡ್ತಿ’ ಎಂಬ ಭಯ ಹೊಕ್ಕಿತು.

ಮೊನ್ನೆ ಅಧ್ಯಾಪಕರ ಕೋಣೆಯಲ್ಲಿ ಈ ಮಾತು ಬಂದಾಗ ಹಿರಿಯರೊಬ್ಬರು ಅಂದರು: ‘ಯಾರೂ ಬೇಡ ಅಂತಿಲ್ಲಪ್ಪ, ಆದ್ರೆ ಕೆಲಸ ನಡೀಬೇಕಲ್ಲ?’ ಸಂವಿಧಾನದ 335ನೇ ವಿಧಿಯ ‘ದಕ್ಷತೆ’ ನಮ್ಮ ಕಚೇರಿಗಳಲ್ಲಿ ಆಡುಮಾತಾಗಿರುವುದು ಹೀಗೆ. ತನಗಿಂತ ಕಿರಿಯ ಮೇಲೆ ಹೋದ ಎಂಬ ನೌಕರನ ಸಂಕಟ ಸುಳ್ಳೆಂದು ನಾನು ಹೇಳುವುದಿಲ್ಲ. ಆದರೆ ಆ ಸಂಕಟ ‘ದಕ್ಷತೆ’ಯ ವೇಷ ಹಾಕಿ ಬಂದಾಗ ಅದನ್ನು ಪ್ರಶ್ನಿಸಲೇಬೇಕು.

ತೀರ್ಪಿನ ನಂತರ ರಾಜ್ಯ ಸರ್ಕಾರ ಕೆ. ರತ್ನಪ್ರಭಾ ಅವರಿಂದ ಲೆಕ್ಕ ತೆಗೆಸಿತು. ಎ, ಬಿ, ಸಿ ದರ್ಜೆಗಳಲ್ಲಿ ನಮ್ಮವರು ಕಡಿಮೆ. ಡಿ ದರ್ಜೆಯಲ್ಲಿ ಆ ಕೊರತೆ ಇಲ್ಲ. ಈ ಕೋಷ್ಟಕಕ್ಕಿಂತ ದೊಡ್ಡ ಕತೆ ಇನ್ನೇನು ಬೇಕು? ಡಿ ದರ್ಜೆಯಲ್ಲಿ ನಮ್ಮವರಿದ್ದುದರಿಂದ ದಕ್ಷತೆ ಕೆಟ್ಟಿತೆಂದು ಯಾರೂ ಕೋರ್ಟಿನ ಮೆಟ್ಟಿಲು ಹತ್ತಿದ್ದನ್ನು ನಾನಂತೂ ಕೇಳಿಲ್ಲ. ಕೈಲಿ ಕಸಬರಿಗೆ ಇರುವತನಕ ನಾವು ದಕ್ಷರು. ಕುರ್ಚಿಯ ಹತ್ತಿರ ಬಂದೆವೋ, ಪುರಾವೆ ತೋರಿಸಬೇಕು. ಜಾತಿಯ ಹೆಸರೆತ್ತದೆ ಜಾತಿಯ ಕೆಲಸ ಮಾಡುವ ಪದ ಇದು.

ಆ ಲೆಕ್ಕದ ಮೇಲೆ ಬಂದ 2018ರ ಕಾಯ್ದೆಯನ್ನು 2019ರ ಮೇ 10ರಂದು ಸುಪ್ರೀಂ ಕೋರ್ಟು ಎತ್ತಿಹಿಡಿಯಿತು. ನ್ಯಾಯಮೂರ್ತಿ ಡಿ.ವೈ. ಚಂದ್ರಚೂಡ್ ಬರೆದ ತೀರ್ಪು ಅರ್ಹತೆಯನ್ನು ಪರೀಕ್ಷೆಯ ಅಂಕಕ್ಕಷ್ಟೇ ಕಟ್ಟಿಹಾಕಲಿಲ್ಲ. ಎಲ್ಲರನ್ನೂ ಒಳಗೊಳ್ಳುವುದೂ ಆಡಳಿತದ ದಕ್ಷತೆಯೇ ಎಂದಿತು. ನಾವು ಸಂಭ್ರಮಿಸಿದೆವು. ಸಂಭ್ರಮಿಸಿ ಸುಮ್ಮನಾದೆವು. 2022ರ ಜನವರಿ 28ರಂದು ಜರ್ನೈಲ್ ಸಿಂಗ್ ಪ್ರಕರಣದಲ್ಲಿ ಅದೇ ಕೋರ್ಟು ಪ್ರಾತಿನಿಧ್ಯದ ಲೆಕ್ಕ ದರ್ಜೆವಾರು ಇದ್ದರೆ ಸಾಲದು, ವೃಂದವಾರು ಬೇಕು ಎಂದಿತು. ದರ್ಜೆವಾರು ಲೆಕ್ಕವನ್ನು ಪವಿತ್ರ ತೀರ್ಪು ಒಪ್ಪಿದ್ದೇ ಸರಿಯಲ್ಲ ಎಂದಿತು. ಹಿಂದುಳಿದಿರುವಿಕೆಯ ಪುರಾವೆ ಬೇಡವೆಂದು 2018ರಲ್ಲೇ ಹೇಳಿತ್ತು, ನಿಜ. ಆದರೂ ಹೊರೆ ಇಳಿದಿಲ್ಲ. ಪದದ ಅರ್ಥ ಹಿಗ್ಗಿತು, ಲೆಕ್ಕ ಒಪ್ಪಿಸುವ ಕೆಲಸ ನಮ್ಮ ಕಡೆಗೇ ಉಳಿಯಿತು.

ಅಪಮಾನವನ್ನು ಬರೆಯಲು ನಾವು ಕಲಿತಿದ್ದೇವೆ. ಪಟ್ಟಿಯನ್ನು ಓದಲು ಕಲಿಯಬೇಕಾಗಿದೆ. ಒಂದೊಂದು ಇಲಾಖೆಯ, ಒಂದೊಂದು ವೃಂದದ ಲೆಕ್ಕವನ್ನು ಮಾಹಿತಿ ಹಕ್ಕಿನಲ್ಲಿ ಕೇಳಿ ಪಡೆಯುವ ಹುಡುಗ ಹುಡುಗಿಯರೂ ನನ್ನ ಪಾಲಿಗೆ ದಲಿತ ವಿಮರ್ಶಕರೇ. ಆ ಲೆಕ್ಕದ ಜೊತೆಗೇ ಇನ್ನೊಂದನ್ನೂ ಕೇಳೋಣ: ನಮ್ಮಿಂದ ಕೆಟ್ಟಿತೆನ್ನುವ ದಕ್ಷತೆಯ ಅಂಕಿಅಂಶ ಎಲ್ಲಿದೆ, ತೋರಿಸ್ರಪ್ಪ.