‘ಡಾಕ್ಟರ್ ಹೂ’ ಕಥಾನಾಯಕನ ಪಾಠಾಂತರಗಳು

೧

ಇಂಗ್ಲೆಂಡಿನ ಬಿ.ಬಿ.ಸಿ. ಸಂಸ್ಥೆಯವರು ೧೯೬೩ನೆಯ ಇಸವಿ ನವೆಂಬರ್ ೨೩ರಂದು ದೂರದರ್ಶನದಲ್ಲಿ ಪ್ರಾರಂಭಿಸಿದ ‘ಡಾಕ್ಟರ್ ಹೂ’ ಎಂಬ ವೈಜ್ಞಾನಿಕ ಕಥಾಮಾಲೆಯು ೧೯೮೯ರಲ್ಲಿ ನಿಂತು, ೧೯೯೬ರಲ್ಲಿ ಒಂದು ಚಿತ್ರದ ಮಟ್ಟಿಗೆ ತಲೆಯೆತ್ತಿ, ೨೦೦೫ರಲ್ಲಿ ಪುನಃ ಚೇತರಿಸಿಕೊಂಡು, ಅರುವತ್ತು ವರ್ಷಗಳಿಗೂ ಮಿಕ್ಕ ಚರಿತ್ರೆಯನ್ನು ಪಡೆದಿರುವುದು. ಇದರ ನಾಯಕನು ಅನ್ಯಲೋಕದವನು. ಅವನ ನಿಜವಾದ ಹೆಸರು ಯಾರಿಗೂ ತಿಳಿಯದು. ‘ಡಾಕ್ಟರ್’ ಎಂಬುದು ಅವನು ತಾನಾಗಿ ಧರಿಸಿದ ಬಿರುದು. ಹೊರಗೆ ಪೊಲೀಸರ ನೀಲಿ ದೂರವಾಣಿ ಪೆಟ್ಟಿಗೆಯಂತೆ ತೋರುವ, ಒಳಗೆ ಅದಕ್ಕಿಂತ ಬಹು ವಿಶಾಲವಾದ ‘ಟಾರ್ಡಿಸ್’ ಎಂಬ ನೌಕೆಯಲ್ಲಿ ಅವನು ದೇಶಕಾಲಗಳೆರಡರಲ್ಲಿಯೂ ಸಂಚರಿಸುತ್ತಾನೆ. ಮೊದಲ ನಟರಾದ ವಿಲಿಯಂ ಹಾರ್ಟ್‌ನೆಲ್ ಅವರ ದೇಹಸ್ಥಿತಿ ಕೆಟ್ಟುದರಿಂದ ೧೯೬೬ರಲ್ಲಿ ಪ್ಯಾಟ್ರಿಕ್ ಟ್ರೌಟನ್ ಅವರನ್ನು ಆ ಪಾತ್ರಕ್ಕೆ ತರಬೇಕಾಗಿ ಬಂದಾಗ, ಕಥೆಗಾರರು ನಾಯಕನಿಗೆ ಕಾಯಾಂತರ ಹೊಂದುವ ಶಕ್ತಿಯನ್ನು ಕಲ್ಪಿಸಿದರು. ಅಂದಿನಿಂದ ಒಬ್ಬ ನಾಯಕನಿಗೆ ಅನೇಕ ದೇಹಗಳು, ಅನೇಕ ಸ್ವಭಾವಗಳು ಸಲ್ಲತಕ್ಕವೆಂಬುದು ಆ ಕಥೆಯ ನಿಯಮವೇ ಆಯಿತು.

ಆದರೆ ಈ ಅಧಿಕೃತ ಪರಂಪರೆಯ ಹೊರಗೂ ಚಲನಚಿತ್ರ, ರಂಗಭೂಮಿ, ಧ್ವನಿನಾಟಕ, ಅಭಿಮಾನಿಗಳ ಕಿರುಚಿತ್ರ ಮೊದಲಾದುವುಗಳಲ್ಲಿ ಡಾಕ್ಟರನ ಅನೇಕ ರೂಪಗಳು ಹುಟ್ಟಿವೆ. ಇವುಗಳನ್ನು ವಿಮರ್ಶಕನು ಹೇಗೆ ಕಾಣಬೇಕು? ಸಾಮಾನ್ಯವಾಗಿ ಎರಡು ಮತಗಳು ಕೇಳಿಬರುತ್ತವೆ. ಬಿ.ಬಿ.ಸಿ.ಯ ದೂರದರ್ಶನ ಕಥೆಯಲ್ಲಿ ಬಾರದಿರುವುದೆಲ್ಲವೂ ಪ್ರಕ್ಷಿಪ್ತವೆಂಬುದು ಒಂದು ಮತ. ಕಾಲವನ್ನೇ ತಿದ್ದಬಲ್ಲ ನಾಯಕನ ಕಥೆಯಲ್ಲಿ ಎಲ್ಲ ರೂಪಗಳೂ ಸಮಾನವಾಗಿ ನಿಜವೆಂಬುದು ಇನ್ನೊಂದು. ಇವೆರಡೂ ವಿಮರ್ಶೆಗೆ ನೆರವಾಗುವುದಿಲ್ಲವೆಂಬುದೂ, ಹೊರಗಿನ ರೂಪಗಳ ಬೆಲೆಯು ಅವು ಹೊರಗೇ ಉಳಿಯುವುದರಲ್ಲಿದೆಯೆಂಬುದೂ ಈ ಲೇಖನದ ಅಭಿಪ್ರಾಯ.

೨

‘ಪ್ರಕ್ಷಿಪ್ತ’ವೆಂಬ ಮಾತನ್ನು ಗ್ರಂಥಸಂಪಾದಕರು ಬಳಸುವಾಗ ಮೂಲಪಾಠವೊಂದನ್ನು, ಅದರ ಹಿಂದೆ ಒಬ್ಬ ಕರ್ತೃವನ್ನು ಊಹಿಸಿರುತ್ತಾರೆ. ಇಲ್ಲಿ ಅಂತಹ ಕರ್ತೃವಿಲ್ಲ. ಸಿಡ್ನಿ ನ್ಯೂಮನ್ ಅವರ ಪ್ರೇರಣೆ, ನಿರ್ಮಾಪಕಿ ವೆರಿಟಿ ಲ್ಯಾಂಬರ್ಟ್ ಅವರ ವಿವೇಕ, ಆಂಟನಿ ಕೋಬರ್ನ್, ಟೆರ್ರಿ ನೇಷನ್ ಮೊದಲಾದ ಲೇಖಕರ ಕೈಗಳು ಕೂಡಿ ಈ ನಾಯಕನು ಮೂಡಿದನು. ಅಧಿಕೃತವಾದುದು, ಅನಧಿಕೃತವಾದುದು ಎಂಬ ಭೇದವು ಇಲ್ಲಿ ಕರ್ತೃತ್ವದಿಂದ ಬಂದುದಲ್ಲ; ಸ್ವಾಮ್ಯದಿಂದ ಬಂದುದು.

ಈ ಸ್ವಾಮ್ಯದ ಸ್ವರೂಪವು ವಿಚಿತ್ರವಾದುದು. ಡಾಕ್ಟರನ ಮೇಲಣ ಹಕ್ಕು ಬಿ.ಬಿ.ಸಿ.ಯದು, ಆದರೆ ಲೇಖಕರು ಕಲ್ಪಿಸಿದ ಅನೇಕ ರಾಕ್ಷಸಜಾತಿಗಳ ಹಕ್ಕು ಆ ಲೇಖಕರ ಕೈಯಲ್ಲಿಯೇ ಉಳಿಯಿತು. ಆದಕಾರಣ, ಕಥಾಮಾಲೆಯು ನಿಂತುಹೋಗಿದ್ದ ಕಾಲದಲ್ಲಿ ಖಾಸಗಿ ನಿರ್ಮಾಪಕರು ಲೇಖಕರಿಂದ ಅನುಮತಿ ಪಡೆದು, ಖಳರಿದ್ದು ನಾಯಕನಿಲ್ಲದ ಚಿತ್ರಗಳನ್ನು ತೆಗೆದರು. ೧೯೯೫ರ ‘ಡೌನ್‌ಟೈಮ್’ ಇಂತಹುದು. ಅದರಲ್ಲಿ ಯೇತಿಗಳುಂಟು, ಡಾಕ್ಟರನ ಹಳೆಯ ಮಿತ್ರನಾದ ಬ್ರಿಗೇಡಿಯರನುಂಟು, ಡಾಕ್ಟರನಿಲ್ಲ. ಅದೇ ದಶಕದ ‘ದಿ ಸ್ಟ್ರೇಂಜರ್’ ಚಿತ್ರಗಳಲ್ಲಿ, ಹಿಂದೆ ಡಾಕ್ಟರನಾಗಿದ್ದ ಕಾಲಿನ್ ಬೇಕರ್ ಅವರು ಹೆಸರಿಲ್ಲದ ಸಂಚಾರಿಯೊಬ್ಬನಾಗಿ ಬಂದರು. ನ್ಯಾಯಶಾಸ್ತ್ರವು ಆತನನ್ನು ಬೇರೆಯವನೆಂದಿತು. ಪ್ರೇಕ್ಷಕನ ಕಣ್ಣು ಆತನ ಗುರುತನ್ನು ಹಿಡಿಯದೆ ಬಿಡಲಿಲ್ಲ.

ನಮ್ಮ ಸಾಹಿತ್ಯದ ವಿದ್ಯಾರ್ಥಿಗಳಿಗೆ ಇದು ಹೊಸತಾಗಿ ತೋರುವುದು ಸಹಜ. ಪಂಪನು ದ್ರೌಪದಿಯನ್ನು ಅರ್ಜುನನೊಬ್ಬನಿಗೇ ಪತ್ನಿಯನ್ನಾಗಿ ಮಾಡಿದಾಗಲಾಗಲಿ, ನಾಗಚಂದ್ರನು ಜೈನ ಸಂಪ್ರದಾಯವನ್ನನುಸರಿಸಿ ರಾವಣನನ್ನು ಲಕ್ಷ್ಮಣನ ಕೈಯಲ್ಲಿ ಕೊಲ್ಲಿಸಿದಾಗಲಾಗಲಿ ಯಾವ ಸ್ವಾಮಿಯ ಅನುಮತಿಯೂ ಬೇಕಾಗಿರಲಿಲ್ಲ. ಆ ಕಥೆಗಳು ಯಾರೊಬ್ಬರ ಸೊತ್ತೂ ಆಗಿರಲಿಲ್ಲ. ಹಾಗೆಂದು ಅವರ ವ್ಯತ್ಯಾಸಗಳನ್ನು ವ್ಯಾಸವಾಲ್ಮೀಕಿಗಳೊಡನೆ ಸಮನ್ವಯಗೊಳಿಸಬೇಕೆಂದು ಯಾರೂ ಕೇಳುವುದೂ ಇಲ್ಲ. ಆ ವ್ಯತ್ಯಾಸಗಳಲ್ಲಿಯೇ ಕವಿಯ ಅಭಿಪ್ರಾಯವನ್ನು ಹುಡುಕುತ್ತೇವೆ. ಈ ಕ್ರಮವನ್ನೇ ಡಾಕ್ಟರನ ಪಾಠಾಂತರಗಳಿಗೂ ಅನ್ವಯಿಸಿ ನೋಡಬಹುದು.

೩

ಮೊದಲನೆಯ ಉದಾಹರಣೆ ಪೀಟರ್ ಕುಷಿಂಗ್ ಅವರು ನಾಯಕರಾಗಿ ನಟಿಸಿದ ೧೯೬೫ರ ‘ಡಾ. ಹೂ ಅಂಡ್ ದಿ ಡಾಲೆಕ್ಸ್’ ಮತ್ತು ಅದರ ಮುಂದಿನ ವರ್ಷದ ‘ಡಾಲೆಕ್ಸ್ ಇನ್ವೇಷನ್ ಅರ್ತ್ ೨೧೫೦ ಎ.ಡಿ.’ ಎಂಬ ಚಲನಚಿತ್ರಗಳು. ಇವು ದೂರದರ್ಶನದಲ್ಲಿ ಬಂದ ಕಥೆಗಳನ್ನೇ ಆಧರಿಸಿದವು. ಕಥಾಮಾಲೆಯು ಇನ್ನೂ ಕಪ್ಪುಬಿಳುಪಿನಲ್ಲಿದ್ದಾಗ ಡಾಲೆಕ್ ಯಂತ್ರಗಳನ್ನು ಬಣ್ಣಬಣ್ಣವಾಗಿ ತೋರಿಸಿದವು. ಕಥಾಮಾಲೆಯ ಪರಿಚಯವಿಲ್ಲದವರಿಗೂ ತಿಳಿಯಬೇಕೆಂದು ನಾಯಕನನ್ನು ಇಲ್ಲಿ ಭೂಲೋಕದ ಮನುಷ್ಯನನ್ನಾಗಿ ಮಾಡಲಾಗಿದೆ. ತನ್ನ ಮನೆಯಲ್ಲಿಯೇ ಟಾರ್ಡಿಸನ್ನು ಕಟ್ಟಿದ ಸೌಮ್ಯವೃದ್ಧನಾತನು. ಅವನ ಹೆಸರು ‘ಹೂ’. ದೂರದರ್ಶನದಲ್ಲಿ ಶಾಲೆಯ ಅಧ್ಯಾಪಕಿಯಾಗಿದ್ದ ಬಾರ್ಬರಾ ಇಲ್ಲಿ ಅವನ ಮೊಮ್ಮಗಳಾಗಿದ್ದಾಳೆ.

ಕುಷಿಂಗ್ ಅವರ ಅಭಿನಯವು ಹಿತವಾಗಿಯೇ ಇದೆ. ಚಿತ್ರಗಳೂ ಬೇಸರ ತರುವುದಿಲ್ಲ. ಆದರೆ ಶೀರ್ಷಿಕೆಯಲ್ಲಿ ‘ಯಾರು?’ ಎಂಬ ಪ್ರಶ್ನೆಯಾಗಿದ್ದ ಪದವು ಇಲ್ಲಿ ಉತ್ತರವಾಗಿ, ಮನೆತನದ ಹೆಸರಾಗಿ ಬಿಟ್ಟಿದೆ. ಅಧ್ಯಾಪಕರಿಬ್ಬರು ಅಪರಿಚಿತನೊಬ್ಬನ ನೌಕೆಯೊಳಗೆ ಕಾಲಿಟ್ಟು, ಅವನು ಮಿತ್ರನೋ ಶತ್ರುವೋ ಎಂದು ತಿಳಿಯದೆ ತೊಳಲಿದ ಆ ಮೊದಲ ಕಥೆಯ ಭಯವು ಇಲ್ಲಿ ಕುಟುಂಬ ವಿನೋದವಾಗಿದೆ. ಈ ಚಿತ್ರಗಳು ಅನಧಿಕೃತವೆಂಬುದು ಅವುಗಳ ದೋಷವಲ್ಲ. ನಾಯಕನ ಅಪರಿಚಿತತ್ವವನ್ನು ಕಳೆದು, ಅದರ ಸ್ಥಾನದಲ್ಲಿ ಮತ್ತೇನನ್ನೂ ಇಡದಿರುವುದು ದೋಷ. ಆದರೂ ಇವುಗಳಿಂದ ಒಂದು ಪ್ರಯೋಜನವಿದೆ: ಆ ಗುಣವು ಎಷ್ಟು ಮುಖ್ಯವಾದುದೆಂಬುದು ಅದಿಲ್ಲದ ಈ ಚಿತ್ರಗಳನ್ನು ನೋಡಿದ ಮೇಲೆಯೇ ಚೆನ್ನಾಗಿ ಮನವರಿಕೆಯಾಗುತ್ತದೆ.

೪

ಎರಡನೆಯ ಬಗೆಯ ಪಾಠಾಂತರಗಳು ಅಧಿಕೃತ ಪರಂಪರೆಗೆ ಮುಂದಾಗಿ ನಡೆದವು. ಅಮೆರಿಕದ ಸಿಯಾಟಲ್ ನಗರದ ಅಭಿಮಾನಿಗಳು ೧೯೮೪ರಲ್ಲಿ ಪ್ರಾರಂಭಿಸಿದ ಕಿರುಚಿತ್ರಗಳಲ್ಲಿ ಬಾರ್ಬರಾ ಬೆನೆಡೆಟ್ಟಿ ಎಂಬ ನಟಿ ಡಾಕ್ಟರಾದರು. ಸ್ತ್ರೀಯೊಬ್ಬಳು ಈ ಪಾತ್ರವನ್ನು ವಹಿಸಬಹುದೆಂಬುದನ್ನು ಬಿ.ಬಿ.ಸಿ.ಯು ಜೋಡಿ ವಿಟಾಕರ್ ಅವರ ಮೂಲಕ ಒಪ್ಪಿ ತೋರಿಸಿದುದು ೨೦೧೭ರಲ್ಲಿ. ನಡುವೆ ೧೯೯೯ರಲ್ಲಿ, ದತ್ತಿಧನ ಸಂಗ್ರಹಕ್ಕಾಗಿ ಸ್ಟೀವನ್ ಮೊಫಟ್ ಅವರು ಬರೆದ ‘ದಿ ಕರ್ಸ್ ಆಫ್ ಫೇಟಲ್ ಡೆತ್’ ಎಂಬ ಪ್ರಹಸನದಲ್ಲಿ ರೋವನ್ ಅಟ್ಕಿನ್ಸನ್ ಅವರಿಂದ ಮೊದಲ್ಗೊಂಡು ಕಾಯಗಳು ಬದಲಾಗುತ್ತ, ಕೊನೆಗೆ ಜೊವಾನ ಲಮ್ಲಿ ಅವರು ಡಾಕ್ಟರಾಗಿ ನಿಲ್ಲುತ್ತಾರೆ. ಅಲ್ಲಿ ನಗೆಯ ಮರೆಯಲ್ಲಿ ಹೇಳಿದುದೇ ಮುಂದೆ ಗಂಭೀರವಾದ ಪಾಠವಾಯಿತು. ಸ್ವಾಮ್ಯವುಳ್ಳವರು ಪ್ರೇಕ್ಷಕಸಮೂಹವೇನನ್ನುವುದೋ ಎಂದು ಅಂಜಿ ನಡೆಯಬೇಕು. ಹೊರಗಿನವರಿಗೆ ಆ ಅಂಜಿಕೆಯಿಲ್ಲ.

೫

ಮೂರನೆಯ ಬಗೆಯೇ ವಿಮರ್ಶಕನಿಗೆ ಅತ್ಯಂತ ಉಪಯುಕ್ತವಾದುದು. ಬಿಗ್ ಫಿನಿಷ್ ಸಂಸ್ಥೆಯವರು ಬಿ.ಬಿ.ಸಿ.ಯ ಅನುಮತಿಯಿಂದಲೇ ೨೦೦೩ರಲ್ಲಿ ಹೊರತಂದ ‘ಅನ್‌ಬೌಂಡ್’ ಎಂಬ ಧ್ವನಿನಾಟಕಗಳು ‘ಹೀಗಾಗಿದ್ದರೆ?’ ಎಂಬ ಪ್ರಶ್ನೆಯಿಂದ ಹೊರಡುತ್ತವೆ. ಡಾಕ್ಟರನು ತನ್ನ ಲೋಕವನ್ನು ಬಿಟ್ಟು ಹೊರಡದೆಯೇ ಇದ್ದಿದ್ದರೆ? ‘ಆಲ್ಡ್ ಮಾರ್ಟಾಲಿಟಿ’ಯಲ್ಲಿ ಅವನು ಮನೆಯಲ್ಲಿಯೇ ಉಳಿದು ಕಾದಂಬರಿಕಾರನಾಗಿದ್ದಾನೆ. ಭೂಮಿಯ ಸಂಕಟಕಾಲದಲ್ಲಿ ಅವನು ಒದಗದೆ ಹೋಗಿದ್ದರೆ? ‘ಸಿಂಪಥಿ ಫಾರ್ ದಿ ಡೆವಿಲ್’ನಲ್ಲಿ ಡೇವಿಡ್ ವಾರ್ನರ್ ಅವರ ಡಾಕ್ಟರನು ತಡವಾಗಿ, ೧೯೯೭ರಲ್ಲಿ ಹಾಂಗ್‌ಕಾಂಗ್ ಚೀನಾದ ವಶವಾಗುವ ಹೊತ್ತಿಗೆ ಬಂದಿಳಿಯುತ್ತಾನೆ, ಅವನ ನೆರವಿಲ್ಲದೆ ಹೋರಾಡಿದ ಬ್ರಿಗೇಡಿಯರನು ಕೀರ್ತಿಗೆಟ್ಟು ಅಲ್ಲಿ ಮದ್ಯದಂಗಡಿಯನ್ನು ನಡೆಸುತ್ತಿದ್ದಾನೆ.

‘ಫುಲ್ ಫ್ಯಾದಮ್ ಫೈವ್’ನಲ್ಲಿ ಪ್ರಶ್ನೆಯು ಇನ್ನೂ ತೀಕ್ಷ್ಣವಾಗಿದೆ. ಇಲ್ಲಿನ ಡಾಕ್ಟರನು ಲೋಕಹಿತಕ್ಕಾಗಿ ಸುಳ್ಳೂ ಕೊಲೆಯೂ ಸಮ್ಮತವೆಂದು ನಂಬಿದವನು. ಅವನೇ ಸಾಕಿ ಬೆಳೆಸಿದ ರೂತ್ ಎಂಬ ಹುಡುಗಿ ಸತ್ಯವನ್ನು ತಿಳಿದು ಅವನಿಗೆ ಗುಂಡಿಕ್ಕುತ್ತಾಳೆ. ಅವನು ಕಾಯಾಂತರ ಹೊಂದಿದರೆ ಮತ್ತೆ ಗುಂಡಿಕ್ಕುತ್ತಾಳೆ. ಅಧಿಕೃತ ಕಥೆಯಲ್ಲಿ ವರವಾಗಿದ್ದ ಶಕ್ತಿಯು ಇಲ್ಲಿ ಶಿಕ್ಷೆಯನ್ನು ದೀರ್ಘಗೊಳಿಸುವ ಶಾಪವಾಗಿದೆ. ನಾಯಕನು ನಾಯಕನೆನಿಸುವುದು ಅವನ ಬುದ್ಧಿಯಿಂದಲ್ಲ, ಆಯುಸ್ಸಿನಿಂದಲ್ಲ, ತನಗೆ ತಾನೇ ವಿಧಿಸಿಕೊಂಡ ಮಿತಿಯಿಂದ ಎಂಬುದನ್ನು ಇದಕ್ಕಿಂತ ಸ್ಪಷ್ಟವಾಗಿ ಹೇಳಿದ ಕಥೆ ಅಪರೂಪ. ಈ ಮಾಲೆಯ ಎಲ್ಲವೂ ಸಮವಾಗಿಲ್ಲ. ಅರಾಬೆಲ್ಲ ವೀರ್ ಅವರ ‘ಎಕ್ಸೈಲ್’ನಲ್ಲಿ ಡಾಕ್ಟರು ಸ್ತ್ರೀಯಾಗಿ, ಅಂಗಡಿಯ ಕೆಲಸದಲ್ಲಿದ್ದು ಕುಡಿತಕ್ಕೆ ಬೀಳುತ್ತಾಳೆ, ಸ್ತ್ರೀತ್ವವನ್ನು ಹಾಸ್ಯವಸ್ತುವಾಗಿ ಮಾತ್ರ ಕಂಡುದರಿಂದ ಆ ಪ್ರಶ್ನೆಯು ಅಲ್ಲಿಯೇ ಕುಗ್ಗಿಹೋಗಿದೆ.

೬

ಅಧಿಕೃತ ಕಥೆಯೂ ಈಚೆಗೆ ಪಾಠಾಂತರಗಳನ್ನು ತನ್ನೊಳಗೆ ಸೃಷ್ಟಿಸತೊಡಗಿದೆ. ೨೦೧೩ರಲ್ಲಿ ಜಾನ್ ಹರ್ಟ್ ಅವರು ಅಭಿನಯಿಸಿದ, ಯುದ್ಧಕ್ಕಾಗಿ ‘ಡಾಕ್ಟರ್’ ಎಂಬ ಹೆಸರನ್ನು ತ್ಯಜಿಸಿದ ರೂಪವು ಸಾರ್ಥಕವಾದುದು; ಹೆಸರೆಂದರೆ ವ್ರತ, ವ್ರತಭಂಗವಾದಲ್ಲಿ ಹೆಸರೂ ಇಲ್ಲ ಎಂಬ ಅರ್ಥವನ್ನು ಅದು ಕಥೆಗೆ ತಂದಿತು. ೨೦೨೦ರ ಮಾರ್ಗವಾದರೋ ಬೇರೆ. ಜೋ ಮಾರ್ಟಿನ್ ಅವರ ಅಭಿನಯದಲ್ಲಿ ಘನತೆಯಿದ್ದರೂ, ನಾಯಕನಿಗೆ ತಾನು ಮರೆತುಹೋದ ಲೆಕ್ಕವಿಲ್ಲದ ಪೂರ್ವಜನ್ಮಗಳಿದ್ದವೆಂದು ಹೇಳಿದುದರಿಂದ ಎಂತಹ ಪಾಠಾಂತರವನ್ನಾದರೂ ಮರೆತ ಜನ್ಮವೆಂದು ಒಳಗೆ ಸೇರಿಸಲು ದಾರಿಯಾಯಿತು. ೧೯೭೬ರ ಒಂದು ಕಥೆಯಲ್ಲಿ ಕ್ಷಣಮಾತ್ರ ಸುಳಿದು ಒಗಟಾಗಿ ಉಳಿದಿದ್ದ ಮುಖಗಳೂ ಹೀಗೆಯೇ ಒಳಸೇರಿದವು.

ಇದನ್ನು ಔದಾರ್ಯವೆಂದು ಹೊಗಳುವವರುಂಟು. ಆದರೆ ರೂತಳ ಕೈಯಲ್ಲಿ ಸತ್ತ ಡಾಕ್ಟರನು ನಿಜವಾದ ಡಾಕ್ಟರನ ಒಂದು ಜನ್ಮವೆಂದರೆ, ಆ ಕಥೆಯ ಅಂತ್ಯವು ಅಂತ್ಯವಾಗಿ ಉಳಿಯದು; ಮತ್ತೊಂದು ದೇಹವು ಎಲ್ಲಿಯೋ ಸಿದ್ಧವಾಗಿರುತ್ತದೆ. ಹೊರಗಿನ ರೂಪವು ಮೂಲವನ್ನು ಪ್ರಶ್ನಿಸಬಲ್ಲುದು ತಾನು ಅದಲ್ಲವಾದುದರಿಂದ. ಬಿಗ್ ಫಿನಿಷ್ ಸಂಸ್ಥೆಯವರು ೨೦೧೬ರಲ್ಲಿ ವಾರ್ನರ್ ಅವರ ಡಾಕ್ಟರನನ್ನು ಪುನಃ ಕರೆತಂದಾಗ, ಕಥಾಮಾಲೆಯ ಕಾದಂಬರಿಗಳಿಂದ ಬಂದ ಬರ್ನೀಸ್ ಸಮ್ಮರ್‌ಫೀಲ್ಡಳನ್ನೇ ಆತನ ವಿಶ್ವಕ್ಕೆ ಕಳುಹಿಸಿದರು. ಆತನನ್ನು ಇತ್ತ ಎಳೆದು ಸಾಲಿನಲ್ಲಿ ಸೇರಿಸಲಿಲ್ಲ. ಇದು ವಿವೇಕದ ಕ್ರಮ.

ಆದುದರಿಂದ ಈ ಬಗೆಯ ರೂಪಗಳನ್ನು ಪರೀಕ್ಷಿಸುವಾಗ ‘ಇದು ಅಧಿಕೃತವೇ?’ ಎಂಬ ಪ್ರಶ್ನೆಯನ್ನು ಸ್ವಾಮ್ಯವುಳ್ಳವರಿಗೆ ಬಿಟ್ಟು, ವಿಮರ್ಶಕನು ಬೇರೆ ಮೂರು ಪ್ರಶ್ನೆಗಳನ್ನು ಕೇಳತಕ್ಕದ್ದು: ನಾಯಕನ ಯಾವ ಗುಣವನ್ನು ಇದು ಉಳಿಸಿಕೊಂಡಿದೆ, ಯಾವುದನ್ನು ಬಿಟ್ಟಿದೆ, ಬಿಟ್ಟುದಕ್ಕೆ ಪ್ರತಿಯಾಗಿ ಏನನ್ನು ಕೊಟ್ಟಿದೆ? ಕುಷಿಂಗ್ ಅವರ ಚಿತ್ರಗಳು ಮೂರನೆಯ ಪ್ರಶ್ನೆಯಲ್ಲಿ ಸೋಲುತ್ತವೆ. ‘ಫುಲ್ ಫ್ಯಾದಮ್ ಫೈವ್’ ಮೂರರಲ್ಲಿಯೂ ನಿಲ್ಲುತ್ತದೆ. ಒಂದು ಸಂಸ್ಥೆಯ ಸೊತ್ತಾದ ನಾಯಕರ ಕಥೆಗಳು ಈ ಕಾಲದಲ್ಲಿ ಹೆಚ್ಚುತ್ತಿರುವುದರಿಂದ, ಅವುಗಳನ್ನು ತರಗತಿಯಲ್ಲಿ ಚರ್ಚಿಸುವ ಅಧ್ಯಾಪಕರು ಈ ಪ್ರಶ್ನೆಗಳನ್ನು ಇತರ ನಾಯಕರ ವಿಷಯದಲ್ಲಿಯೂ ಪ್ರಯೋಗಿಸಿ ನೋಡಬಹುದು.