ಇಬ್ಬರು ಕಟ್ಟಿದ ಹಾಡು: ಮಾತು-ಧಾತುಗಳ ಪೌರ್ವಾಪರ್ಯ

ಹಾಡಿನ ವಾಕ್ಕಿಗೆ ‘ಮಾತು’ ಎಂದೂ ಗೇಯಾಂಶಕ್ಕೆ ‘ಧಾತು’ ಎಂದೂ ಹೆಸರು. ಎರಡನ್ನೂ ರಚಿಸತಕ್ಕವನು ವಾಗ್ಗೇಯಕಾರನು. 13ನೆಯ ಶತಮಾನದಲ್ಲಿ ದೇವಗಿರಿಯ ಯಾದವರ ಆಶ್ರಯದಲ್ಲಿದ್ದ ಶಾರ್ಙ್ಗದೇವನು ‘ಸಂಗೀತರತ್ನಾಕರ’ದಲ್ಲಿ ಹೇಳಿರುವ ಈ ಲಕ್ಷಣವು ವಾಚಕರಿಗೆ ವಿದಿತವೇ ಆಗಿದೆ. ಅವನ ತಾರತಮ್ಯದಲ್ಲಿ ಧಾತುವಿಗೇ ಹೆಚ್ಚಿನ ಬೆಲೆ. ಧಾತುವಿನಲ್ಲಿ ಸಮರ್ಥನಾಗಿ ಮಾತಿನಲ್ಲಿ ಮಂದನಾದವನು ಮಧ್ಯಮನು. ಮಾತು ರಮ್ಯವಾಗಿದ್ದರೂ ಧಾತುವಿನಲ್ಲಿ ಮಂದನಾದವನು ಅಧಮನು. ಇತರರ ಧಾತುವಿಗೆ ಮಾತನ್ನು ಹೊಂದಿಸುವವನಿಗಾದರೋ ‘ಕುಟ್ಟಿಕಾರ’ನೆಂಬ ಹೆಸರನ್ನು ಕೊಟ್ಟು, ಇವರೆಲ್ಲರ ಬಳಿಕ ಅವನನ್ನು ಎಣಿಸಿರುವನು. ಈ ಕ್ರಮಕ್ಕೆ ಏಕಕರ್ತೃತ್ವವೇ ಆದರ್ಶ. ಹಾಡು ಇಬ್ಬರ ಕೃತಿಯಾದಾಗ ಇದು ಎಷ್ಟರಮಟ್ಟಿಗೆ ನಿಲ್ಲುವುದೆಂಬುದನ್ನು, ಅಂತಹ ಜೋಡಿಗಳಿಂದ ಪ್ರಸಿದ್ಧವಾದ ಆಂಗ್ಲಭಾಷೆಯ ಗೀತಪರಂಪರೆಯಲ್ಲಿ ಪರೀಕ್ಷಿಸಬಹುದಾಗಿದೆ.

ಮೊದಲನೆಯ ಜೋಡಿ ಗಿಲ್ಬರ್ಟ್ ಮತ್ತು ಸಲಿವನ್. 1871ರಿಂದ 1896ರವರೆಗೆ ಇವರು 14 ಗೀತನಾಟಕಗಳನ್ನು ರಚಿಸಿದರು. ಇಲ್ಲಿ ಮಾತು ಮೊದಲು, ಧಾತು ಅನಂತರ. ಸಲಿವನ್ನನು ಪದ್ಯವನ್ನು ಓದಿ, ಸ್ವರವನ್ನು ಯೋಚಿಸುವುದಕ್ಕೆ ಮುಂಚೆ ಅದಕ್ಕೆ ಒಗ್ಗುವ ಹಲವು ಲಯವಿನ್ಯಾಸಗಳನ್ನು ಬರೆದು ನೋಡಿ, ಒಂದನ್ನು ಆರಿಸಿಕೊಳ್ಳುತ್ತಿದ್ದನು. ಒಂದು ಅಕ್ಷರವೂ ಮಸಕಾಗದೆ ಹಾಸ್ಯವು ಕೇಳುಗನನ್ನು ಮುಟ್ಟುವುದು ಇದರ ಫಲ. ಆದರೆ ತನ್ನ ಸಂಗೀತವು ಮಾತಿನ ಊಳಿಗಕ್ಕೆ ನಿಂತಿತೆಂಬ ಕೊರಗು ಸಲಿವನ್ನನಿಗೆ ತಪ್ಪಲಿಲ್ಲ. 1890ರ ಜಗಳಕ್ಕೆ ನಾಟಕಶಾಲೆಯ ಜಮಖಾನದ ವೆಚ್ಚವು ನಿಮಿತ್ತವಾಯಿತು. ಒಳಗಿನ ಅಸಮಾಧಾನವು ಅದಕ್ಕೂ ಹಳೆಯದು.

ನಮ್ಮ ಪ್ರಶ್ನೆಗೆ ಇದಕ್ಕಿಂತಲೂ ಹೆಚ್ಚು ಬೆಳಕನ್ನು ಕೊಡುವವನು ಅಮೆರಿಕದ ರಿಚರ್ಡ್ ರಾಜರ್ಸ್. ಧಾತುಕಾರನೊಬ್ಬನೇ ಇದ್ದು ಮಾತುಕಾರರು ಬೇರೆಯಾದುದರಿಂದ, ಇಲ್ಲಿ ಹೋಲಿಕೆಗೆ ಗಟ್ಟಿಯಾದ ನೆಲೆಯುಂಟು. 1919ರಲ್ಲಿ ಪರಿಚಿತನಾದ ಲೊರೆನ್ಸ್ ಹಾರ್ಟನು 1943ರಲ್ಲಿ ತೀರಿಕೊಳ್ಳುವವರೆಗೆ ಅವನೊಡನೆ ದುಡಿದನು. ಸಾಮಾನ್ಯವಾಗಿ ರಾಜರ್ಸನ ಮಟ್ಟು ಮೊದಲು ಸಿದ್ಧವಾಗುತ್ತಿತ್ತು. ಶಾಸ್ತ್ರದಂತೆ ಹಾರ್ಟನು ಕುಟ್ಟಿಕಾರನೇ ಸರಿ. ಆದರೆ ಮಟ್ಟಿನ ಕಟ್ಟಿನೊಳಗೆ ಅವನು ಸಾಧಿಸಿದುದು ಅಲ್ಪವಲ್ಲ. ಪಂಕ್ತಿಯ ನಡುವೆ ಮಿಂಚುವ ಪ್ರಾಸ, ಎರಡು ಮೂರು ಅಕ್ಷರಗಳುದ್ದದ ಅಂತ್ಯಪ್ರಾಸ, ಆಡುಮಾತಿನ ಚಾಟುತನ ಇವೆಲ್ಲವೂ ಅಲ್ಲಿ ಮೆರೆಯುವುವು. 1937ರ ‘ಮೈ ಫನ್ನಿ ವ್ಯಾಲಂಟೈನ್’ ಎಂಬ ಹಾಡಿನಲ್ಲಿ ಮಟ್ಟು ಶೋಕಚ್ಛಾಯೆಯದು, ಮೃದುವಾದುದು. ಮಾತಾದರೋ ಪ್ರಿಯನ ಕುಂದುಗಳ ಪಟ್ಟಿ. ಧಾತು ಹೊಗಳುತ್ತಿರಲು ಮಾತು ಅಣಕಿಸುವುದು. ಈ ವೈದೃಶ್ಯದಿಂದಲೇ ಅನುರಾಗವು ವ್ಯಂಗ್ಯವಾಗಿ ಹೊಮ್ಮುವುದು.

ಆಸ್ಕರ್ ಹ್ಯಾಮರ್‌ಸ್ಟೈನನು ಮೊದಲು ಜೆರೋಮ್ ಕರ್ನ್ ಮುಂತಾದವರ ಮಟ್ಟುಗಳಿಗೆ ಮಾತನ್ನು ಹೊಂದಿಸುತ್ತಿದ್ದವನೇ. ರಾಜರ್ಸನೊಡನೆ ಕಲೆತ ಮೇಲೆ ಈ ಕ್ರಮವು ತಿರುವುಮುರುವಾಯಿತು. 1943ರ ‘ಓಕ್ಲಹೋಮ’ದ ಮೊದಲ ಹಾಡಿನಲ್ಲಿ ದನಗಾಹಿಯೊಬ್ಬನು ನೇಪಥ್ಯದಿಂದ ಹೊಲದ ಮುಂಜಾವನ್ನು ಹಾಡುತ್ತ ಬರುವನು. ಮಾತು ಸರಳ, ಪ್ರಾಸ ಸಾಧಾರಣ, ಚಮತ್ಕಾರವೇ ಇಲ್ಲ. ಆ ಸರಳತೆಯು ಬಿಟ್ಟುಕೊಟ್ಟ ಬಯಲಿನಲ್ಲಿ ಮಟ್ಟು ಮೂರೆಣಿಕೆಯ ವಾಲ್ಟ್ಸ್ ಲಯದಲ್ಲಿ ವಿಶಾಲವಾಗಿ ಹರಡಿಕೊಳ್ಳುವುದು.

ಈ ಭೇದಕ್ಕೆ ಕವಿಗಳ ಸ್ವಭಾವವೇ ಕಾರಣ, ಕ್ರಮವಲ್ಲ ಎಂದು ಆಕ್ಷೇಪಿಸಬಹುದು. ಅದರಲ್ಲಿ ಸತ್ಯಾಂಶವುಂಟು, ನಾಟಕಗಳ ವಸ್ತುವೂ ಬದಲಾಗಿತ್ತು. ಆದರೆ ಕವಿಯ ಸ್ವಭಾವವು ಧಾತುವಿನ ಮೇಲೆ ಇಷ್ಟು ಪ್ರಭಾವವನ್ನು ಬೀರುವುದಕ್ಕೆ, ಮಾತು ಮೊದಲು ಬಂದುದೇ ದಾರಿಯಾಯಿತೆಂಬುದನ್ನು ಅಲ್ಲಗಳೆಯಲಾಗದು.

ಪೌರ್ವಾಪರ್ಯವೊಂದೇ ಎಲ್ಲವನ್ನೂ ನಿರ್ಣಯಿಸದೆಂಬುದಕ್ಕೆ ರಾಕ್ ಸಂಗೀತದಿಂದ ಒಂದು ನಿದರ್ಶನವು ಸಾಕು. 1967ರಲ್ಲಿ ಜೊತೆಗೂಡಿದ ಬರ್ನಿ ಟೌಪಿನ್ ಮತ್ತು ಎಲ್ಟನ್ ಜಾನರಲ್ಲಿಯೂ ಮಾತೇ ಮೊದಲು. ಟೌಪಿನ್ನನು ಬರೆದುಕೊಟ್ಟುದಕ್ಕೆ ಜಾನನು ಪ್ರತ್ಯೇಕವಾಗಿ ಪಿಯಾನೋದ ಮುಂದೆ ಕುಳಿತು ಮಟ್ಟನ್ನು ಕಟ್ಟುವನು. ಗಿಲ್ಬರ್ಟನ ಬಿಗಿಯಾದ ಛಂದಸ್ಸು ಧಾತುವನ್ನು ಕಟ್ಟಿಹಾಕಿತು. ಟೌಪಿನ್ನನ ಸಡಿಲವಾದ ಪಂಕ್ತಿಗಳು ಅದಕ್ಕೆ ಎಡೆಗೊಟ್ಟವು. ಆದುದರಿಂದ ಯಾವುದು ಮೊದಲೆಂಬುದರೊಡನೆ, ಮೊದಲು ಬಂದುದು ಎರಡನೆಯವನಿಗೆ ಎಷ್ಟು ಅವಕಾಶವನ್ನು ಉಳಿಸಿತೆಂಬುದನ್ನೂ ವಿಚಾರಿಸಬೇಕು.

ಈ ವಿಚಾರವು ಸಾಹಿತ್ಯವನ್ನು ಬೋಧಿಸುವ ನಮಗೆ ಹೊರಗಿನದಲ್ಲ. ಮಟ್ಟನ್ನು ಬಿಟ್ಟು ಓದಿದರೆ ಹಾರ್ಟನು ಬರಿಯ ಪ್ರಾಸಚತುರನಾಗಿಯೂ ಹ್ಯಾಮರ್‌ಸ್ಟೈನನು ಸಪ್ಪೆಯಾಗಿಯೂ ಕಾಣುವರು. ಎರಡೂ ಅನ್ಯಾಯದ ತೀರ್ಪುಗಳು. ಪರಿಚಿತವಾದ ಮಟ್ಟುಗಳಿಗೆ ಮಾತು ಕಟ್ಟಿದ ರಂಗಗೀತೆಗಳು ನಮ್ಮಲ್ಲಿಯೂ ಹೇರಳವಾಗಿವೆ. ಅವನ್ನು ಅಚ್ಚಿನ ಪುಟದಲ್ಲಿ ಪದ್ಯಗಳೆಂದು ಓದಿ ಕೀಳ್ಗಳೆಯುವುದು ಸುಲಭ. ಶಾರ್ಙ್ಗದೇವನು ಕುಟ್ಟಿಕಾರನಿಗೆ ಕೊನೆಯ ಸ್ಥಾನವನ್ನು ಕೊಟ್ಟಿದ್ದರೂ ಹೆಸರನ್ನಾದರೂ ಕೊಟ್ಟನು. ಅವನ ಕೃತಿಯನ್ನು ಧಾತುಸಹಿತವಾಗಿ ಕೇಳಿ ಬೆಲೆಗಟ್ಟುವುದು ವಿಮರ್ಶಕರ ಪಾಲಿನ ಕೆಲಸವಾಗಿದೆ.