ಸಾಕ್ಷಿಯ ವೇಷ, ನಾಯಕನ ಕಥೆ

ಪ್ರಶಾಂತ್ ನೀಲ್ ನಿರ್ದೇಶನದ ‘ಕೆ.ಜಿ.ಎಫ್: ಚಾಪ್ಟರ್ 1’ (2018) ಸಿನಿಮಾದ ಕಥೆ ಬಿಚ್ಚಿಕೊಳ್ಳುವುದು ಟಿ.ವಿ. ಸಂದರ್ಶನವೊಂದರಲ್ಲಿ. ಅನಂತ್ ನಾಗ್ ಅಭಿನಯದ ಹಿರಿಯ ಪತ್ರಕರ್ತ ನಿಷೇಧಕ್ಕೊಳಗಾದ ತನ್ನ ಪುಸ್ತಕದ ಸಂಗತಿಗಳನ್ನು ಇಸವಿ ಸಮೇತ ಹೇಳುತ್ತಾನೆ. ಸಂದರ್ಶನ, ದಾಖಲೆ, ಇಸವಿ – ಇವು ಸಾಕ್ಷ್ಯಚಿತ್ರದ ಸಲಕರಣೆಗಳು. ಕಟ್ಟುಕಥೆಗೆ ಚರಿತ್ರೆಯ ತೂಕ ಕೊಡಲು ನಿರ್ದೇಶಕರು ಇವನ್ನು ಕಡ ತಂದಿದ್ದಾರೆ. ಕಡ ತಂದದ್ದಕ್ಕೆ ಆಕ್ಷೇಪವಿಲ್ಲ. ಅದನ್ನು ಯಾರಿಗಾಗಿ ಖರ್ಚು ಮಾಡಿದರು ಎಂಬುದೇ ಪ್ರಶ್ನೆ.

ಆನಂದ್ ಪಟವರ್ಧನ್ ಅವರ ‘ಹಮಾರಾ ಶಹರ್’ (1985) ಸಾಕ್ಷ್ಯಚಿತ್ರದಲ್ಲಿ ಮುಂಬಯಿಯ ಗುಡಿಸಲುಗಳು ನೆಲಕ್ಕುರುಳುತ್ತವೆ. ಉಳ್ಳವರ ಮಾತೂ ಅದೇ ಚಿತ್ರದಲ್ಲಿದೆ. ಎರಡನ್ನೂ ಪಕ್ಕಪಕ್ಕದಲ್ಲಿಟ್ಟರೆ ಸಾಕು, ಅಸಮಾನತೆಯ ಬಗ್ಗೆ ಭಾಷಣ ಬೇಕಾಗುವುದಿಲ್ಲ. ಬಡ ಹೆಂಗಸೊಬ್ಬಳು, ನಿಮ್ಮ ಚಿತ್ರದಿಂದ ನಮಗೇನು ಸಿಕ್ಕೀತು ಎಂದು ಕ್ಯಾಮೆರಾ ಹಿಡಿದವರನ್ನೇ ದಬಾಯಿಸುತ್ತಾಳೆ. ಪಟವರ್ಧನ್ ಆ ಮಾತಿಗೆ ಕತ್ತರಿ ಹಾಕಲಿಲ್ಲ.

‘ಕೆ.ಜಿ.ಎಫ್’ನ ಗಣಿಯಾಳುಗಳಿಗೆ ಇಂಥ ನಾಲಗೆ ಇಲ್ಲ. ಅವರ ಕಥೆಯನ್ನು ಪತ್ರಕರ್ತ ಹೇಳುತ್ತಾನೆ, ಅವರ ಜಗಳವನ್ನು ನಾಯಕ ಆಡುತ್ತಾನೆ. ಅವರು ಮಸಿ ಬಳಿದ ಗುಂಪಾಗಿ ಕಾಯುತ್ತಾರೆ. ನಿಜವಾದ ಕೋಲಾರದ ಚಿನ್ನದ ಗಣಿಯಲ್ಲಿ ಹಾಗಿರಲಿಲ್ಲ. 1880ರಲ್ಲಿ ಜಾನ್ ಟೇಲರ್ ಕಂಪನಿ ಕಾಲಿಟ್ಟ ಮೇಲೆ ಸುರಂಗಕ್ಕೆ ಇಳಿದವರಲ್ಲಿ ಹೆಚ್ಚಿನವರು ತಮಿಳು ಮಾತಾಡುವ ದಲಿತರು. 1930ರಲ್ಲಿ ಬೆರಳಚ್ಚು ಕೊಟ್ಟು ಹೆಸರು ನೋಂದಾಯಿಸಬೇಕೆಂಬ ಕಟ್ಟಳೆ ಬಂದಾಗ ಅವರು ಕೆಲಸ ನಿಲ್ಲಿಸಿದರು. ಅದಕ್ಕೆ ಮುಂಬಯಿಯಿಂದ ಯಾವ ರಾಕಿಯೂ ಬರಬೇಕಾಗಲಿಲ್ಲ. ಪಾ. ರಂಜಿತ್ ಅವರ ತಮಿಳು ಸಿನಿಮಾ ‘ತಂಗಲಾನ್’ (2024) ಪುರಾಣದ ಮೊರೆ ಹೋದರೂ ಆ ದಲಿತರನ್ನೇ ಕಥೆಯ ನಡುವಿಗೆ ತಂದಿತು.

ಇದು ಮನರಂಜನೆ, ಇಷ್ಟು ಲೆಕ್ಕ ಯಾಕೆ ಎನ್ನುವವರಿದ್ದಾರೆ. ಊರಿನ ಹೆಸರು ಹೊತ್ತ ಸಿನಿಮಾ ಊರಿನವರ ಚರಿತ್ರೆಯ ಜಾಗದಲ್ಲಿ ಕೂತುಬಿಟ್ಟರೆ ಲೆಕ್ಕ ಕೇಳಲೇಬೇಕಾಗುತ್ತದೆ. ಸಿನಿಮಾಕ್ಕೆ ಭವ್ಯ ಹಿನ್ನೆಲೆಯಾದ ಸೈನೈಡ್ ಗುಡ್ಡ, ಅಲ್ಲಿ ಬದುಕುವವರಿಗೆ ಗಾಳಿ ಬೀಸಿದಾಗಲೆಲ್ಲ ಮನೆಯೊಳಕ್ಕೆ ನುಗ್ಗುವ ದೂಳು.

2001ರ ಫೆಬ್ರವರಿ 28ರಂದು ಗಣಿ ಮುಚ್ಚಿತು. ಕೆಲಸ ಹುಡುಕಿ ಸಾವಿರಾರು ಜನ ಮಾರಿಕುಪ್ಪಂ, ಬಂಗಾರಪೇಟೆಗಳಲ್ಲಿ ಬೆಳಗಿನ ರೈಲು ಹತ್ತತೊಡಗಿದರು. ಬಂಗಾರಪೇಟೆಯಿಂದ ಬೆಂಗಳೂರು ಸುಮಾರು 70 ಕಿ.ಮೀ. ಹಗಲಿಡೀ ಆ ನಗರಕ್ಕೆ ದುಡಿದು, ಅಲ್ಲಿನ ಬಾಡಿಗೆ ಎಟುಕದೆ ರಾತ್ರಿ ಹಿಂತಿರುಗುವ ಜನ ಆ ಬೋಗಿಗಳಲ್ಲಿದ್ದಾರೆ. ಬೆಂಗಳೂರಿನ ಅಸಮಾನತೆಯನ್ನು ಚಿತ್ರಿಸುವವರಿಗೆ ಸೆಟ್ಟು ಹಾಕುವ ಖರ್ಚಿಲ್ಲ. ಕ್ಯಾಮೆರಾ ಹಿಡಿದು ಅವರ ಪಕ್ಕದಲ್ಲಿ ಕೂರಬೇಕು, ಅವರು ಬೈದರೆ ಅದನ್ನೂ ಉಳಿಸಿಕೊಳ್ಳಬೇಕು.